ಒಂದು ಚೌಕ ಪಕ್ಕಕ್ಕೆ

ನಮ್ಮ ಅತ್ತೆ ದೀಪವನ್ನು ಕಣ್ಣಿಂದ ನೋಡುವುದಿಲ್ಲ, ಬೆರಳಿಂದ ನೋಡುತ್ತಾರೆ. ಕಣ್ಣು ಚೆನ್ನಾಗಿದ್ದ ಕಾಲದಲ್ಲೂ ಹಾಗೇ ಅಂತೆ. ಈಗ ಕೆಲವು ವರ್ಷಗಳಿಂದ ನರ ಸೋತು, ಬೆಳಕು ಯಾವ ಕಡೆ, ಕತ್ತಲೆ ಯಾವ ಕಡೆ ಅನ್ನುವಷ್ಟು ಮಾತ್ರ ತಿಳಿಯುತ್ತದೆ. "ದೀಪ ಮಾಡೋಳಿಗೆ ಅಷ್ಟು ಕಂಡ್ರೆ ಸಾಕು" ಅನ್ನುತ್ತಾರೆ. ಮಾತಿಗೇನೂ ಬರ ಬಂದಿಲ್ಲ.

ನಮ್ಮದು ಗಾಜಿನ ದೀಪದ ಗೂಡುಗಳನ್ನು ಮಾಡುವ ಕೆಲಸ. ಬೀದಿಗೆ ತೆರೆದ ಮುಂದಿನ ಕೋಣೆಯಲ್ಲಿ ಕೆಲಸ, ಹಿಂದಿನ ಕೋಣೆಗಳಲ್ಲಿ ಸಂಸಾರ. ಎರಡರ ನಡುವೆ ಗೋಡೆಯಿದೆ ಎಂದು ಹೇಳಿಕೊಳ್ಳುತ್ತೇವೆ. ಆದರೂ ಅನ್ನದ ಪಾತ್ರೆಯಲ್ಲಿ ಬೆಸುಗೆಯ ಕಾಳು ಸಿಗುವುದು, ಬೆಂಚಿನ ಮೇಲೆ ಮಕ್ಕಳ ಕಾಲುಚೀಲ ಸಿಗುವುದು ತಪ್ಪಿಲ್ಲ. ಗಾಜನ್ನು ಕೊಯ್ದು, ಅಂಚಿಗೆ ಹಿತ್ತಾಳೆಯ ತೆಳು ಪಟ್ಟಿ ಮಡಿಸಿ, ಒಂದಕ್ಕೊಂದು ಬೆಸೆದು ಗುಂಡನೆಯ ಗೂಡು ಮಾಡುತ್ತೇವೆ. ಗುಂಡನೆಯದು ಅಂದರೂ ಬಾಗಿದ ಗಾಜು ಒಂದೂ ಇರುವುದಿಲ್ಲ. ತ್ರಿಕೋನ, ಚೌಕ, ಐದು ಬದಿಯದು, ಎಲ್ಲವೂ ಚಪ್ಪಟೆ. ಎಲ್ಲ ಬದಿಗಳೂ ಒಂದೇ ಅಳತೆ ಇರಬೇಕು, ಎಲ್ಲೂ ಒಳಕ್ಕೆ ತಗ್ಗಬಾರದು. ಇದು ಅತ್ತೆಯ ಕಾನೂನು. ನಾನು ಈ ಮನೆಗೆ ಬಂದ ಹೊಸದರಲ್ಲಿ ಒಂದೇ ಮೂಲೆಗೆ ಆರು ತ್ರಿಕೋನ ಸೇರಿಸಿಬಿಟ್ಟೆ. ಅದು ಮೇಲೇಳದೆ ಬೆಂಚಿನ ಮೇಲೆ ಅಂಗಾತ ಮಲಗಿತು. ಅತ್ತೆ ಸವರಿ ನೋಡಿ, "ಇದು ದೀಪ ಅಲ್ಲಮ್ಮ, ತಟ್ಟೆ. ಊಟಕ್ಕೆ ಇಟ್ಕೋ" ಅಂದರು.

ಅತ್ತೆ ಕೂರುವ ಜಾಗದ ಮೇಲೆ, ಕೊಕ್ಕೆಯಲ್ಲಿ ಒಂದು ಹಳೆಯ ದೀಪ ನೇತಾಡುತ್ತದೆ. ಅವರು ಚಿಕ್ಕ ವಯಸ್ಸಿನಲ್ಲಿ ಮಾಡಿದ ಮೊದಲನೆಯದು. ಅದೇ ನಮ್ಮ ಮಾದರಿ. ನಡುವೆ ಎಂಟು ಚೌಕಗಳ ಪಟ್ಟಿ, ಮೇಲೊಂದು ಟೋಪಿ, ಕೆಳಗೊಂದು ಟೋಪಿ. ಟೋಪಿಯ ನೆತ್ತಿಯಲ್ಲಿ ಒಂದು ಚೌಕ. ಅದರ ಸುತ್ತ ಚೌಕ, ತ್ರಿಕೋನ, ಚೌಕ, ತ್ರಿಕೋನ. ಯಾವ ಮೂಲೆ ಮುಟ್ಟಿದರೂ ಅಲ್ಲಿ ಒಂದು ತ್ರಿಕೋನ, ಮೂರು ಚೌಕ ಸೇರಿರುತ್ತವೆ. ಇದರಂಥದ್ದೇ ದೀಪ ಮಾಡಿ ಅತ್ತೆಯ ಬೆರಳಿಗೆ ಒಪ್ಪಿಸಿದವರಿಗೆ ಮಾತ್ರ ಸ್ವಂತ ಮುದ್ರೆ. ಅಲ್ಲಿಯವರೆಗೆ ಯಾರು ಮಾಡಿದ ದೀಪವಾದರೂ ಅದನ್ನು ತೂಗುಹಾಕುವ ಹಿತ್ತಾಳೆ ಬಳೆಯ ಮೇಲೆ ಅತ್ತೆಯ ಮುದ್ರೆಯೇ, ಒಂದು ಸಣ್ಣ ವೃತ್ತ. ಪರೀಕ್ಷೆಯ ದಿನ ಅತ್ತೆ ದೀಪವನ್ನು ಮಡಿಲಲ್ಲಿಟ್ಟು, "ಒಂದು ತ್ರಿಕೋನ, ಮೂರು ಚೌಕ, ಒಂದು ತ್ರಿಕೋನ, ಮೂರು ಚೌಕ" ಎಂದು ಗೊಣಗುತ್ತ ಮೂಲೆಯಿಂದ ಮೂಲೆಗೆ ಬೆರಳು ಓಡಿಸುತ್ತಾರೆ. ಬೆರಳು ಒಂದು ಕಡೆ ನಿಂತರೆ ಮುಗಿಯಿತು, ಮತ್ತೆ ಮುಂದಿನ ವರ್ಷ.

ನನಗೆ ಮುದ್ರೆ ಎರಡನೇ ವರ್ಷಕ್ಕೇ ಸಿಕ್ಕಿತು. ನಾನು ಎಡಚಿ. ಅತ್ತೆ ಕಲಿಸುವ ಹಿಡಿತ ನನ್ನ ಕೈಗೆ ಒಗ್ಗಲೇ ಇಲ್ಲ. ಅವರು ದೀಪ ಮಗುಚಿ ಎರಡನೇ ಟೋಪಿ ಕೂರಿಸುವಾಗ ಎಡಗೈ ಹೆಬ್ಬೆರಳನ್ನು ಪಟ್ಟಿಯಲ್ಲಿ ಮೊದಲ ಟೋಪಿಯ ಚೌಕ ಕೂಡಿದ ಒಂದು ಚೌಕದ ಮೇಲೆ ಒತ್ತಿ ಹಿಡಿದು, ಅದರ ಪಕ್ಕದ ಚೌಕದಿಂದ ಬೆಸುಗೆ ಶುರು ಮಾಡುತ್ತಾರೆ. ನಾನು ಆ ತಂಟೆಗೇ ಹೋಗದೆ ಆ ಚೌಕಕ್ಕೇ ಸೀಮೆಸುಣ್ಣದ ಗೀಟು ಎಳೆದು ಅಲ್ಲಿಂದಲೇ ಶುರು ಮಾಡುತ್ತಿದ್ದೆ. "ಎಡಚಿ ಕೆಲಸಕ್ಕೆ ಗೀಟು ಬೇರೆ" ಎಂದು ಅತ್ತೆ ನಕ್ಕರು, ಆದರೂ ಪಾಸು ಮಾಡಿದರು.

ಅಕ್ಕನಿಗೆ ಸಿಗಲಿಲ್ಲ. ಅಕ್ಕ ಅಂದರೆ ನನ್ನ ವಾರಗಿತ್ತಿ, ಮನೆಯ ಹಿರಿ ಸೊಸೆ. ನನಗಿಂತ ಎಷ್ಟೋ ವರ್ಷ ಮೊದಲು ಬಂದವಳು. ಅವಳ ಕೆಲಸ ಕೆಟ್ಟದ್ದಲ್ಲ, ಹೆದರಿಕೆ ಕೆಟ್ಟದ್ದು. ಪರೀಕ್ಷೆಯ ದೀಪ ಅಂದ ಕೂಡಲೇ ಎಲ್ಲೋ ಒಂದು ಮೂಲೆಯಲ್ಲಿ ಬೆಸುಗೆ ಗಂಟು ಕಟ್ಟುತ್ತಿತ್ತು. ಅತ್ತೆಯ ಬೆರಳು ಸರಿಯಾಗಿ ಅಲ್ಲೇ ಹೋಗಿ ನಿಲ್ಲುತ್ತಿತ್ತು. ಅಕ್ಕ ತನ್ನ ಮುದ್ರೆಯನ್ನು, ಸಣ್ಣ ಎಲೆಯ ಗುರುತಿನದು, ಮದುವೆಯಾದ ಮರುವರ್ಷವೇ ಕೆತ್ತಿಸಿ ಬಟ್ಟೆಗಳ ಕೆಳಗೆ ಇಟ್ಟುಕೊಂಡಿದ್ದಳು. ನಾನು ನನ್ನ ದೀಪಕ್ಕೆ ಮುದ್ರೆ ಒತ್ತುವಾಗಲೆಲ್ಲ ಅವಳು ಬೇರೆ ಕಡೆ ನೋಡುತ್ತಿದ್ದಳು. ನಾನು ಅದನ್ನು ಕಂಡೂ ಕಾಣದವಳ ಹಾಗೆ ಇರುತ್ತಿದ್ದೆ, ಕೆಲವು ಸಲ ಬೇಕೆಂದೇ ಸ್ವಲ್ಪ ಜೋರಾಗಿ ಸುತ್ತಿಗೆ ಹೊಡೆಯುತ್ತಿದ್ದೆ ಕೂಡ. ನಾನೇನು ದೇವತೆಯಲ್ಲ.

ಹೀಗಿರುವಾಗ ಒಂದು ಗ್ರಂಥಾಲಯದಿಂದ ಕೆಲಸ ಬಂತು. ಹೊಸ ಕಟ್ಟಡದ ಮೆಟ್ಟಿಲ ಮೇಲೆ ಅಕ್ಕಪಕ್ಕ ತೂಗಲು ಜೋಡಿ ದೀಪ. ಅಲ್ಲಿಯ ಉಸ್ತುವಾರಿ ಹೆಂಗಸು ತಾನೇ ಬಂದು ಚಿತ್ರ ತೋರಿಸಿದಳು. ನಮ್ಮ ಮಾದರಿಯದೇ ಆಕಾರ. ಆದರೆ ಮಸುಕು ಗಾಜು ಬೇಡ, ತಿಳಿ ಗಾಜು ಬೇಕು. ಬುಡಕ್ಕೂ ಗಾಜೇ ಇರಬೇಕು ಅಂದಳು. ನಮ್ಮ ದೀಪಗಳ ಬುಡದ ಚೌಕಕ್ಕೆ ಯಾವಾಗಲೂ ತಗಡು, ಬಲ್ಬು ಕಣ್ಣಿಗೆ ಚುಚ್ಚಬಾರದೆಂದು. ದೀಪದ ಬುಡದಲ್ಲಿ ಕತ್ತಲೆ ಅನ್ನುತ್ತಾರಲ್ಲ, ನಾವು ಅದನ್ನು ತಗಡು ಹೊಡೆದೇ ಭದ್ರ ಮಾಡಿದ್ದೆವು.

ಉಸ್ತುವಾರಿಯಮ್ಮ ಹೋದ ಮೇಲೆ ಅತ್ತೆ ಅಕ್ಕನಿಗೆ ಹೇಳಿದರು: "ಒಂದು ಇವಳು ಮಾಡ್ಲಿ, ಇನ್ನೊಂದು ನೀನು ಮಾಡು. ಅದೇ ನಿನ್ನ ಪರೀಕ್ಷೆ. ಇದೇ ಕೊನೇದು, ಹೇಳಿಬಿಟ್ಟಿದೀನಿ. ಬೆರಳೂ ಈಗೀಗ ಜೋಮು ಹಿಡೀತಿದೆ. ಇದಾದ್ಮೇಲೆ ನಾನು ಯಾರ ದೀಪಾನೂ ಮುಟ್ಟಲ್ಲ."

ಅಕ್ಕ "ಹೂಂ ಅತ್ತೆ" ಅಂದಳು. ಈ ಸಲ ಆದರೆ ಎಲೆಯ ಮುದ್ರೆ, ಇಲ್ಲದಿದ್ದರೆ ಬದುಕಿರುವ ತನಕ ಇನ್ನೊಬ್ಬರ ವೃತ್ತ.

ಅವಳು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕೆಲಸ ಮಾಡಿದಳು. ಗಂಡ ಮಾತಾಡಿಸಿದರೆ ಉತ್ತರವಿಲ್ಲ, ಒಲೆಯ ಮೇಲೆ ಹಾಲು ಉಕ್ಕಿದರೆ ಪರಿವೆಯಿಲ್ಲ. ಪ್ರತಿ ಚೌಕಕ್ಕೂ ತಲೆಯೆತ್ತಿ ಮಾದರಿ ದೀಪ ನೋಡುವುದು, ತಲೆ ತಗ್ಗಿಸಿ ಬೆಸೆಯುವುದು. ಎರಡನೇ ಟೋಪಿ ಕೂರಿಸುವಾಗ ಅತ್ತೆ ಹೇಳಿಕೊಟ್ಟ ಹಾಗೇ ಹೆಬ್ಬೆರಳೊತ್ತಿ, ಉಸಿರು ಬಿಗಿಹಿಡಿದು, ಪಕ್ಕದ ಚೌಕದಿಂದ ಶುರು ಮಾಡಿದಳು. ಗಂಟು ಎಲ್ಲೂ ಕಟ್ಟಲಿಲ್ಲ.

ಅತ್ತೆ ದೀಪವನ್ನು ಮಡಿಲಿಗೆ ತೆಗೆದುಕೊಂಡಾಗ ಅಕ್ಕ ಕಿಟಕಿಯ ಸರಳು ಹಿಡಿದು ಬೀದಿಯ ಕಡೆ ನಿಂತಿದ್ದಳು. ಗೊಣಗಾಟ ನಡೆಯಿತು. ಬೆರಳು ಮೇಲಿನ ಟೋಪಿ ಮುಗಿಸಿತು, ಪಟ್ಟಿ ಸುತ್ತಿತು, ಕೆಳಗಿನ ಟೋಪಿಗೆ ಇಳಿಯಿತು, ಎಲ್ಲೂ ನಿಲ್ಲಲಿಲ್ಲ. "ಎಲ್ಲಿ ನಿನ್ನ ಎಲೆ? ತಗೊಂಡ್ಬಾ" ಅಂದರು ಅತ್ತೆ. ಅಕ್ಕ ಓಡಿದ ರಭಸಕ್ಕೆ ಬಾಗಿಲ ಚೌಕಟ್ಟಿಗೆ ಭುಜ ಹೊಡೆದುಕೊಂಡಳು. ಮುದ್ರೆಯೊತ್ತಿ, ಬಳೆಯ ಮೇಲೆ ಮೂಡಿದ ಎಲೆಯನ್ನು ಸೆರಗಿನಿಂದ ಒರೆಸಿ, ಒರೆಸಿದ್ದನ್ನೇ ಮತ್ತೆ ಒರೆಸಿ, ಕೊನೆಗೆ ಅತ್ತುಬಿಟ್ಟಳು. ಇಷ್ಟು ವರ್ಷ ಅವಳು ಬೇರೆ ಕಡೆ ನೋಡಿದ್ದಕ್ಕೆ ಈಗ ನಾನು ಕಣ್ಣು ಬಿಟ್ಟು ನೋಡಿದೆ, ಲೆಕ್ಕ ಸರಿಹೋಯಿತು ಅಂದುಕೊಂಡೆ.

ಭಾವ ಹೋಗಿ ದೀಪಗಳನ್ನು ತೂಗಿಹಾಕಿ ಬಂದರು. ಮರುದಿನ ಉಸ್ತುವಾರಿಯಮ್ಮನ ಫೋನು. "ಎರಡೂ ತುಂಬಾ ಚೆನ್ನಾಗಿವೆ. ಆದ್ರೆ ಎರಡೂ ಒಂದೇ ಥರ ಇಲ್ಲ. ಒಂದ್ಸಲ ಬಂದು ನೋಡ್ತೀರಾ?"

ಅತ್ತೆಗೆ ಏನೋ ನೆಪ ಹೇಳಿ ನಾವಿಬ್ಬರೂ ಹೋದೆವು. ಗ್ರಂಥಾಲಯದ ಗೋಡೆಗಳಿಗೆ ಇನ್ನೂ ಹೊಸ ಬಣ್ಣದ ವಾಸನೆ. ಉಸ್ತುವಾರಿಯಮ್ಮ ನಮ್ಮನ್ನು ಮೆಟ್ಟಿಲ ಬುಡದಲ್ಲಿ, ನೇರ ದೀಪಗಳ ಕೆಳಗೆ ನಿಲ್ಲಿಸಿ ಸ್ವಿಚ್ಚು ಹಾಕಿದಳು. "ತಲೆ ಎತ್ತಿ ನೋಡಿ."

ನನ್ನ ದೀಪದಲ್ಲಿ ಬುಡದ ಚೌಕದೊಳಗೆ ನೆತ್ತಿಯ ಚೌಕ ನೆಟ್ಟಗೆ ಕಾಣುತ್ತಿತ್ತು, ಕಿಟಕಿಯೊಳಗೆ ಕಿಟಕಿ ಇಟ್ಟ ಹಾಗೆ. ಅಕ್ಕನದರಲ್ಲಿ ನೆತ್ತಿಯ ಚೌಕ ಓರೆಯಾಗಿತ್ತು. ಎರಡು ಚೌಕಗಳು ಅಡ್ಡಾದಿಡ್ಡಿ ಬಿದ್ದು ಎಂಟು ಮೊನೆಯ ನಕ್ಷತ್ರ ಮೂಡಿತ್ತು. ನಿಜ ಹೇಳಬೇಕೆಂದರೆ ನಕ್ಷತ್ರವೇ ಹೆಚ್ಚು ಚೆಂದ. ಅದನ್ನು ಆಗ ಹೇಳುವ ಹಾಗಿರಲಿಲ್ಲ.

"ಕೆಳಗಿನ ಟೋಪಿ ಒಂದು ಮನೆ ತಿರುಗಿದೆ, ನೋಡಿ" ಅಂದಳು ಉಸ್ತುವಾರಿಯಮ್ಮ. ಗಣಿತ ಓದಿದವಳಂತೆ, ದನಿಯಲ್ಲಿ ಜಂಬವಿರಲಿಲ್ಲ. "ಪಟ್ಟಿಯ ಚೌಕದ ಮೇಲೆ ಚೌಕ ಇದ್ರೆ ಕೆಳಗೂ ಚೌಕ ಬರ್ಬೇಕು. ಇಲ್ಲಿ ತ್ರಿಕೋನ ಬಂದಿದೆ. ಗಾಜು ಅಷ್ಟೇ, ಮೂಲೆಗಳೂ ಅಷ್ಟೇ. ಯಾವ ಮೂಲೆ ನೋಡಿದ್ರೂ ವ್ಯತ್ಯಾಸ ಗೊತ್ತಾಗಲ್ಲ. ಆದ್ರೂ ಇದು ಬೇರೆ ಆಕಾರ. ಸಮ ಬದಿಯ ಗಾಜಲ್ಲಿ ಉಬ್ಬಿದ ಆಕಾರ ಎಷ್ಟು ಥರ ಮಾಡಬಹುದು ಅಂತ ಲೆಕ್ಕ ಹಾಕಿದಾರೆ. ಎಲ್ಲಾ ಮೂಲೆಯಿಂದಲೂ ಒಂದೇ ಥರ ಕಾಣೋ ಆಕಾರಗಳು ಒಂದು ಗುಂಪು. ಹಾಗೆ ಕಾಣದೆ ಉಳಿದವು ತೊಂಬತ್ತೆರಡು. ನೀವು ಮಾಡಿರೋದು ಆ ತೊಂಬತ್ತೆರಡರಲ್ಲಿ ಒಂದು. ತಪ್ಪು ಅನ್ನಲ್ಲ ನಾನು. ನಾವು ಕೇಳಿದ್ದು ಅದಲ್ಲ, ಅಷ್ಟೇ."

ಅಕ್ಕ ದೀಪ ಇಳಿಸಿಕೊಂಡು, ರಟ್ಟಿನ ಪೆಟ್ಟಿಗೆಯಲ್ಲಿಟ್ಟು, ಬಸ್ಸಿನಲ್ಲಿ ಮಡಿಲ ಮೇಲಿಟ್ಟುಕೊಂಡು ಬಂದಳು. ಎಲೆಯ ಗುರುತಿನ ಮೇಲೆ ಅವಳ ಬೆರಳು ಇದ್ದೇ ಇತ್ತು.

ಅತ್ತೆ ಒಳಗೆ ಮಲಗಿದ್ದರು. ಅಕ್ಕ ಸ್ಟೂಲು ಹತ್ತಿ, ಮಾದರಿ ದೀಪಕ್ಕೆ ಒಂದು ಅಂಗೈಯನ್ನು ನೆತ್ತಿಯ ಚೌಕದ ಮೇಲೂ ಇನ್ನೊಂದನ್ನು ಬುಡದ ತಗಡಿನ ಕೆಳಗೂ ಇಟ್ಟಳು, ಬೆರಳುಗಳು ಚೌಕದ ಅಂಚಿಗೆ ಸರಿಯಾಗಿ. ಹಾಗೇ ನಿಂತಳು. ಕೆಳಗಿಳಿದು ನನ್ನ ಕಡೆ ನೋಡಿದಳು. ನಾನೂ ಹತ್ತಿ ಹಾಗೇ ಹಿಡಿದೆ. ನನ್ನ ಎರಡು ಕೈಗಳೂ ಒಂದೇ ದಿಕ್ಕಿಗೆ ಬರಲಿಲ್ಲ. ಒಂದು ಮುಂಗೈ ನೆಟ್ಟಗಿದ್ದರೆ ಇನ್ನೊಂದು ಸೊಟ್ಟಗೆ ತಿರುಗಿತು. ನೆತ್ತಿ ಒಂದು ಕಡೆ, ಬುಡ ಇನ್ನೊಂದು ಕಡೆ.

ಅತ್ತೆಯ ಮೊದಲ ದೀಪವೇ ತಿರುಗಿತ್ತು. ಅಂದಮೇಲೆ ಅವರು ಮಾಡಿದ್ದೆಲ್ಲ ತಿರುಗಿದ್ದೇ. ಇಷ್ಟು ವರ್ಷ ಒಂಟಿ ಒಂಟಿಯಾಗಿ ಮಾರಿಹೋದವು, ಮಸುಕು ಗಾಜು, ಬುಡಕ್ಕೆ ತಗಡು, ಯಾರು ನೋಡುತ್ತಾರೆ? ಮಗ್ಗುಲಿಂದ ನೋಡಿದರೆ ಕಣ್ಣೆದುರೇ ಇತ್ತು. ನಾವು ಮೂಲೆ ನೋಡಲು ಕಲಿತವರು, ಮೂಲೆಯನ್ನೇ ನೋಡಿದೆವು. ನನ್ನ ದೀಪ ಬೇರೆಯಾದದ್ದು ಸೀಮೆಸುಣ್ಣದ ದಯೆ. ಬುದ್ಧಿಯಿಂದಲ್ಲ, ಎಡಚಿಯಾದ್ದರಿಂದ.

"ಅಕ್ಕಾ, ಇದು ನಿನ್ನ ತಪ್ಪೇ ಅಲ್ಲ. ನೀನು ಅವ್ರು ಹೇಳಿಕೊಟ್ಟಿದ್ದನ್ನೇ ಮಾಡಿದೀಯ. ಹೇಳೋಣ ಬಾ" ಅಂದೆ.

"ಬಾಯಿ ಬಿಟ್ರೆ ನೋಡು."

"ನಿನ್ನ ಮುದ್ರೆ ಹೋಗುತ್ತಲ್ಲೇ!"

"ಹೋಗ್ಲಿ. ಅವ್ರಿಗೆ ಕಣ್ಣಂತೂ ಹೋಯ್ತು. ಉಳಿದಿರೋದು ಆ ಬೆರಳು, ಈ ದೀಪ. ಅದನ್ನೂ ಕಿತ್ಕೊಂಡು ನಾನು ಎಲೆ ಹೊಡ್ಕೊಳ್ಲಾ?"

ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಅನ್ನುತ್ತಾರೆ. ಸೊಸೆಯ ಕಾಲ ಬಂದು ಬಾಗಿಲಲ್ಲಿ ನಿಂತಿದ್ದರೆ, ಈ ಪುಣ್ಯಾತ್ಗಿತ್ತಿ ಅದನ್ನು ವಾಪಸು ಕಳಿಸುತ್ತಿದ್ದಳು. ನನಗೆ ಸಿಟ್ಟು ಬಂತು. ಆದರೂ ಬಾಯಿಗೆ ಬೀಗ ಹಾಕಿಕೊಂಡೆ.

ಅತ್ತೆ ಎದ್ದು ಬಂದು ಕುಳಿತ ಮೇಲೆ ಅಕ್ಕ ಅವರ ಮುಂದೆ ನೆಲದ ಮೇಲೆ ಕೂತು ಹೇಳಿದಳು: "ದೀಪ ವಾಪಸು ಬಂದಿದೆ ಅತ್ತೆ. ನಂದು. ತಪ್ಪಾಗಿದೆ."

"ಯಾವ ಮೂಲೆ?"

"ಯಾವ ಮೂಲೇನೂ ಅಲ್ಲ."

"ಮೂಲೆ ಎಲ್ಲಾ ಸರಿ ಇದ್ಮೇಲೆ ದೀಪ ಹೇಗೆ ತಪ್ಪಾಗುತ್ತೆ? ಹುಚ್ಚಾ ನಿಂಗೆ?"

ಅಕ್ಕ ಅತ್ತೆಯ ಅಂಗೈಗಳನ್ನು ಹಿಡಿದು ತನ್ನ ದೀಪದ ನೆತ್ತಿಗೊಂದು, ಬುಡಕ್ಕೊಂದು ಇಟ್ಟು, ಬೆರಳುಗಳನ್ನು ಅಂಚಿಗೆ ಹೊಂದಿಸಿದಳು. ಅತ್ತೆಯ ಕೈಗಳು ಸೊಟ್ಟಗಾದವು. ಆಮೇಲೆ ನಾನು ಹಿಂದೊಮ್ಮೆ ಮಾಡಿ ಕಪಾಟಿನಲ್ಲಿಟ್ಟಿದ್ದ ದೀಪವನ್ನು ಕೊಟ್ಟಳು. ಅದರ ಮೇಲೆ ಕೈಗಳು ನೆಟ್ಟಗೆ ಕೂತವು. ಅತ್ತೆ ಎರಡನ್ನೂ ಮತ್ತೆ ಮತ್ತೆ ಹಿಡಿದು ನೋಡಿದರು. ಅರ್ಥವಾಗಲು ಅವರಿಗೆ ಹೆಚ್ಚು ಹೊತ್ತು ಬೇಕಾಗಲಿಲ್ಲ.

"ಹೆಬ್ಬೆರಳು ಒತ್ತಿ ಪಕ್ಕದ ಚೌಕದಿಂದ ಶುರು ಮಾಡಿದ್ಯಾ?"

"ಇಲ್ಲ ಅತ್ತೆ. ಗಾಬರೀಲಿ ಮರೆತುಬಿಟ್ಟೆ."

"ಮರೆತೆ!" ಅತ್ತೆಯ ದನಿ ಏರಿತು. "ಇಷ್ಟು ವರ್ಷ ಗಿಣಿಗೆ ಹೇಳಿದ ಹಾಗೆ ಹೇಳಿದೀನಿ. ಬೇರೆ ಏನು ಮರೆತ್ರೂ ಅದನ್ನ ಮರೀಬೇಡ ಅಂತ. ಕೊನೇ ಸಲ ಅಂತಾನೂ ಹೇಳಿದ್ದೆ. ತಾ ಇಲ್ಲಿ ಮುದ್ರೆ."

ಅಕ್ಕ ಎಲೆಯ ಮುದ್ರೆಯನ್ನು ಅವರ ಕೈಗಿಟ್ಟಳು. ಅತ್ತೆ ಅದನ್ನು ತಮ್ಮ ಪೆಟ್ಟಿಗೆಯಲ್ಲಿ ಹಾಕಿ ಬೀಗ ಜಡಿದರು. ನಾನೇ ಅರ ತೆಗೆದುಕೊಂಡು ದೀಪದ ಬಳೆಯ ಮೇಲಿನ ಎಲೆಯನ್ನು ಉಜ್ಜಿ ಅಳಿಸಬೇಕಾಯಿತು. ಅಕ್ಕನ ಕೈಯಲ್ಲಿ ಆಗಲಿಲ್ಲ. ಇಂಥ ದರಿದ್ರ ಕೆಲಸ ನಾನು ಜೀವನದಲ್ಲಿ ಮಾಡಿಲ್ಲ. ಹಿತ್ತಾಳೆಯ ಪುಡಿ ಉಗುರಿನೊಳಗೆ ಸೇರಿಕೊಂಡಿತು.

ಮರುದಿನ ಬೆಳಿಗ್ಗೆ ಅಕ್ಕ ಕೆಳಗಿನ ಟೋಪಿಯನ್ನು ಬಿಡಿಸಿದಳು. ಮತ್ತೆ ಬೆಸೆಯಲು ಕೂರುವಷ್ಟರಲ್ಲಿ ಅತ್ತೆ ಬಂದು ಬೆಂಚು ತಡಕಿದರು.

"ಸರಿ ಆ ಕಡೆ. ಕೊನೇ ಸಲ ತೋರಿಸ್ತೀನಿ, ನೋಡ್ಕೋ."

"ಬೇಡ ಅತ್ತೆ, ನಾನೇ ಮಾಡ್ತೀನಿ. ಕೈ ಸುಟ್ಕೋತೀರ."

"ನನ್ನ ಕೈ ಸುಡೋದು ನಂಗೆ ಗೊತ್ತಿದೆ. ಸರಿ ಅಂದ್ನಲ್ಲ."

ಅಕ್ಕ ನನ್ನ ಮುಖ ನೋಡಿದಳು. ಅವಳ ಮುಖದಲ್ಲಿ ಇಂಥ ದಿಗಿಲನ್ನು ಯಾವ ಪರೀಕ್ಷೆಯ ದಿನವೂ ನಾನು ಕಂಡಿರಲಿಲ್ಲ. "ಕಾವು ಸಾಲಲ್ಲ ಅತ್ತೆ, ನಾಳೆ ಮಾಡೋಣ" ಅಂದಳು. "ಗಾಜು ಒರೆಸಿಲ್ಲ" ಅಂದಳು. ಅತ್ತೆ ಆಗಲೇ ದೀಪ ಮಗುಚಿ, ಎಡಗೈ ಹೆಬ್ಬೆರಳನ್ನು ಪಟ್ಟಿಯ ಚೌಕದ ಮೇಲೆ ಒತ್ತಿದ್ದರು. ಬಲಗೈಯಿಂದ ಟೋಪಿ ಎತ್ತಿ, ಪಕ್ಕದ ಚೌಕಕ್ಕೆ ಅದರ ಚೌಕವನ್ನು ಹೊಂದಿಸಿ, ಎಂಟು ಕಡೆಯೂ ಒಂದೊಂದು ಚುಕ್ಕೆ ಬೆಸುಗೆ ಇಟ್ಟರು. ಕಣ್ಣಿಲ್ಲದ ಆ ಕೈಗಳ ಕೆಲಸ ಎಷ್ಟು ಚೊಕ್ಕಟವಾಗಿತ್ತೆಂದರೆ, ಏನಾಗಲಿದೆ ಎಂದು ಗೊತ್ತಿದ್ದೂ ನಾನು ನೋಡುತ್ತ ನಿಂತುಬಿಟ್ಟೆ.

"ಮರೀಬೇಡ ಇನ್ಮೇಲೆ" ಎನ್ನುತ್ತ ಅತ್ತೆ ಹೊಸದಾಗಿ ಕಲಿತ ಪರೀಕ್ಷೆಗೆ ಒಂದು ಕೈ ನೆತ್ತಿಗೆ, ಒಂದು ಕೈ ಬುಡಕ್ಕೆ ಇಟ್ಟರು.

ಕೈಗಳು ಸೊಟ್ಟಗಾದವು.

ಅವರು ಕೈ ತೆಗೆದು ಮತ್ತೆ ಇಟ್ಟರು. ಬೆರಳುಗಳನ್ನು ಅಂಚಿಗೆ ಒತ್ತಿ ನೋಡಿದರು. ಬೀದಿಯಲ್ಲಿ ಯಾರೋ ಗೇಟು ಎಳೆದ ಸದ್ದಾಯಿತು. ಅತ್ತೆ ತಲೆಯೆತ್ತಿ, ಕೊಕ್ಕೆಯಿದ್ದ ಕಡೆ ಮುಖ ಮಾಡಿದರು.

"ಅದನ್ನ ಇಳಿಸು" ಎಂದು ನನಗೆ ಹೇಳಿದರು.

ಅಕ್ಕ ತಲೆ ಅಲ್ಲಾಡಿಸಿ ಬೇಡ ಅಂದಳು. ಇಳಿಸದೆ ಇರುವುದು ಹೇಗೆ? ಇಳಿಸಿ ಅವರ ಮಡಿಲಲ್ಲಿಟ್ಟೆ. ಅತ್ತೆ ಮೊದಲು ಬಳೆಯ ಮೇಲಿನ ವೃತ್ತವನ್ನು ಮುಟ್ಟಿದರು. ಆಮೇಲೆ ಅಂಗೈಗಳನ್ನು ಇಟ್ಟರು, ಬಹಳ ನಿಧಾನವಾಗಿ. ಕೈಗಳು ಇಲ್ಲೂ ಸೊಟ್ಟಗೇ ಕೂತವು.

"ನೀನು ಇದನ್ನ ನೋಡಿದ್ದೆ."

ಅಕ್ಕ ಬೆಂಚಿನ ಮೇಲೆ ಬಿದ್ದಿದ್ದ ಬೆಸುಗೆಯ ಕಾಳುಗಳನ್ನು ಒಟ್ಟುಮಾಡತೊಡಗಿದಳು.

"ನೋಡಿದ್ಯಾ ಇಲ್ವಾ?"

"ನೋಡಿದ್ದೆ ಅತ್ತೆ."

"ಮತ್ತೆ ಮರೆತೆ ಅಂದೆ."

ಅಕ್ಕ ಅಳುತ್ತಿದ್ದಳು, ಸದ್ದಿಲ್ಲದೆ. ಅತ್ತೆಗೆ ಅದು ಕಾಣುವುದಿಲ್ಲ ಎಂದು ನಾನಂದುಕೊಂಡಿದ್ದೆ. ಅತ್ತೆ ಕೈಚಾಚಿ, ತಡಕಿ, ಅವಳ ಕೆನ್ನೆ ಒರೆಸಿದರು. ಆಮೇಲೆ ಸೊಂಟದ ಕೀಲಿ ತೆಗೆದು, ಪೆಟ್ಟಿಗೆ ತೆರೆದು, ಎಲೆಯ ಮುದ್ರೆಯನ್ನು ಬೆಂಚಿನ ಮೇಲಿಟ್ಟರು.

"ಮಾದರಿ ಥರಾನೇ ಇರ್ಬೇಕು ಅಂತ ತಾನೇ ನನ್ನ ಕಾನೂನು? ಕೂದಲೆಳೆ ವ್ಯತ್ಯಾಸ ಇಲ್ದಂಗೆ ಮಾಡಿದೀಯ. ತಗೋ." ಆಮೇಲೆ ನನ್ನ ಕಡೆ ತಿರುಗಿ, "ಎಡಚಿ, ನಿಂಗೂ ಗೊತ್ತಿತ್ತು ಅನ್ನು" ಅಂದರು. ನಾನು ಗೋಡೆ ನೋಡಿದೆ.

ಚುಕ್ಕೆ ಬೆಸುಗೆಗಳನ್ನು ಅತ್ತೆಯೇ ಕರಗಿಸಿದರು. ಟೋಪಿ ಬಿಟ್ಟುಕೊಂಡಿತು. ಅವರು ದೀಪವನ್ನು ಮತ್ತೆ ಮಗುಚಿ ಹಿಡಿದರು. ಹಳೆಯ ಅಭ್ಯಾಸ, ಎಡಗೈ ಹೆಬ್ಬೆರಳು ತಾನಾಗಿ ಹೋಗಿ ಅದೇ ಚೌಕದ ಮೇಲೆ ಕೂತಿತು. ಬಲಗೈಯಲ್ಲಿ ಟೋಪಿ ಎತ್ತಿದವರು ಅರ್ಧಕ್ಕೇ ನಿಂತು, ಅಕ್ಕನಿದ್ದ ಕಡೆ ಮುಖ ಮಾಡಿದರು.

"ಎಲ್ಲಿಂದ ಶುರು ಮಾಡ್ಲಿ? ಹೇಳು."

ಅಕ್ಕ ಮುಂದೆ ಬಗ್ಗಿ ಅವರ ಹೆಬ್ಬೆರಳನ್ನು ಹಿಡಿದು ಒಂದು ಚೌಕ ಪಕ್ಕಕ್ಕೆ ಜರುಗಿಸಿದಳು.